ಹೊಟ್ಟಿಕಿಚ್ಚಿನ ಹಕ್ಕು

ಗುರುಸಿದ್ದಗ ಎಬೋ ಸರ ಮ್ಯಾಲೆ ಹೊಟ್ಟಿಕಿಚ್ಚು ಇತ್ತು. ಇದನ್ನ ಸುತ್ತಿ ಬಳಸಿ ಹೇಳೂದರಾಗ ಏನೂ ಅರ್ಥ ಇಲ್ಲ. ದೇಸೂರ ಸ್ಟೇಶನ್ನಿನ ಚಹಾದಂಗಡಿಯಂವಗ ಗೊತ್ತಿತ್ತು, ಖಾನಾಪುರದ ಮೈದಾನದಾಗ ಆಡೂ ಹುಡಿಗ್ಯಾರಿಗೆಲ್ಲಾ ಗೊತ್ತಿತ್ತು, ಹೆಂಡತಿ ಭರಮವ್ವಗಂತೂ ಅವಂಗಿಂತ ಮೊದಲ ಗೊತ್ತಾಗಿತ್ತು. ಗೊತ್ತಿಲ್ಲಧಂಗ ಇದ್ದಂವಾ ಎಬೋ ಸರ ಒಬ್ಬನ. ಅದು ಮತ್ತೊಂದು ಉರಿ. ಉರಿ ಹಚ್ಚಿದಂವಗ ಅದರ ಬಿಸಿ ಸೈತ ತಾಗೂದಿಲ್ಲಂದ್ರ ಎಲ್ಲಿ ನ್ಯಾಯ?

ಕಾರಣ ಇದ್ದಿದ್ದಿಲ್ಲಂತಲ್ಲ. ಖಾನಾಪುರದಾಗ ಹುಡಿಗ್ಯಾರ ಫುಟ್‌ಬಾಲ್ ಟೀಮ್ ಕಟ್ಟಿದಂವಾ ಯಾರು? ಗುರುಸಿದ್ದ. ದೇಸೂರದಾಗ ರೇಲ್ವೆ ಗ್ಯಾಂಗ್‌ಮನ್ ಕೆಲಸ. ಮುಂಜಾನಿಂದ ಹಳಿ ಬಾಜೂ ಕಲ್ಲು ಬಡಿಯೂದು, ಪಾನಾ ಹಾಕಿ ನಟ್ಟು ತಿರುವೂದು. ಅದು ಮುಗದ ಮ್ಯಾಲೆ ಅದ ಖಾಕಿ ಅಂಗಿ ಮ್ಯಾಲೆ ಪ್ಯಾಸೆಂಜರ್ ಗಾಡಿ ಹತ್ತಿ ಖಾನಾಪುರದಾಗ ಇಳಿಯೂದು. ಮೊದಲ ಅವನ ಮುಂದ ಇದ್ದಾಕಿ ಮಗಳು ಅನುರಾಧಾ ಒಬ್ಬಾಕಿನ. ಅಪ್ಪ ಒದೀಬೇಕು, ಮಗಳು ಹಿಡೀಬೇಕು. ಆಮ್ಯಾಲೆ ಮನಿಮನಿ ತಿರಗಿದ. ಹುಡಿಗಿ ಚಡ್ಡಿ ಹಾಕ್ಕೊಂಡು ಓಡಿದ್ರ ಯಾಂವ ಮದಿವಿ ಆಗತಾನ ಅನ್ನೂ ತಾಯಂದಿರ ಮುಂದ ಕುಂತು, ಅವರ ಚಹಾ ಕುಡದು, ಅವರ ಬೈಗಳಾ ತಿಂದು, ಒಂದೊಂದ ಹುಡಿಗೀನ ಕರಕೊಂಡು ಬಂದ. ಕನ್ನಡದ ಮನ್ಯಾಗ ಕನ್ನಡ, ಮರಾಠಿ ಮನ್ಯಾಗ ಮರಾಠಿ. ಎರಡೂ ಭಾಷಾದಾಗ ಬೈಸಿಕೊಂಡಾನ.

ಮ್ಯಾಚಿಗೆ ಮುಂಚೆ ಅವಂದೊಂದು ಪದ್ಧತಿ ಇತ್ತು. ರವಿವಾರ ಪೇಟ್ಯಾಗ ನಾಕು ಅಂಗಡಿ ಮೂಸಿ ನೋಡಿ ಚಲೋ ಅರಿಷಿಣ ತರೂದು, ದೇಸೂರದ ಬೀರಪ್ಪನ ಗುಡಿಯೊಳಗ ಇಡೂದು. ದೇವರ ಮುಂದ ಕುಂತ ಎದ್ದ ಮ್ಯಾಲೆ ಅದು ಅರಿಷಿಣ ಅಲ್ಲ, ಭಂಡಾರ. ಕುರಿ ಕಾಯೂ ಮನಿತನ ಅವರದು. ಹುಟ್ಟಿದ ಕೂಸಿಗೂ ಭಂಡಾರ, ಮದಿವಿಗೂ ಭಂಡಾರ, ಜಗಳಾ ಬಗಿಹರಸಾಕೂ ಭಂಡಾರ. ಭಂಡಾರ ಮುಟ್ಟಿ ಆಡಿದ ಮಾತು ಅಂದ್ರ ಮುಗೀತು, ಅದನ್ನ ತಿರಗಿ ನುಂಗಾಕ ಬರೂದಿಲ್ಲ. ಆ ಭಂಡಾರಾನ ಕರೀ ಉಣ್ಣಿ ಚೀಲದಾಗ ತಂದು, ಆಟಕ್ಕ ಇಳಿಯೂ ಮುಂದ ಒಬ್ಬೊಬ್ಬಾಕಿ ಹಣಿಗೆ ಗುರುಸಿದ್ದ ಹೆಬ್ಬೆಟ್ಟಿಲೆ ಹಚ್ಚತಿದ್ದ. ಕಡೀಗೆ ಗೋಲ್‌ಕೀಪರ್ ಅನುರಾಧಾಗ. "ನೆಟ್ಟಗ ನಿಂದ್ರ" ಅಂತಿದ್ದ. ಅದಕ್ಕಿಂತ ಹೆಚ್ಚಿನ ಭಾಷಣ ಅವಂಗ ಬರತಿದ್ದಿಲ್ಲ.

ಮತ್ತ ಗೋವಾದ್ದೊಂದು ಇತ್ತು. ಗುರುಸಿದ್ದ ಹರೇದಾಗ ಬೆಳಗಾವಿ ಲೀಗಿನೊಳಗ ಗೋಲ್‌ಕೀಪರ್. ಖಾಸಬಾಗದ ಮಂದಿ ಅವನ ಆಟ ನೋಡಾಕಂತ ಅಂಗಡಿ ಬಾಗಲಾ ಹಾಕ್ಕೊಂಡು ಬರತಿದ್ರು. ವಾಸ್ಕೋದ ಒಂದು ದೊಡ್ಡ ಕ್ಲಬ್ಬಿನವರು ಬಂದು ಪರೀಕ್ಷಾ ಕೊಡು ಅಂತ ಕರದಿದ್ರು. ಹೋಗೂ ವಾರಾನ ಅಪ್ಪ ಹಳ್ಳದಾಗ ಬಿದ್ದು ಕಾಲು ಮುರಕೊಂಡ. ಕುರಿ ಹಿಂದ ಯಾರ ಹೋಗಬೇಕು? ಹಿರೇಮಗಾ ಹೋದ. ಕುರಿ ಹೊಡಕೊಂಡು ಖಾನಾಪುರದ ಅಡವಿ ದಂಡಿ ತಿರಗೂದರಾಗ ಮಳಿಗಾಲ ಬಂತು, ಬ್ಯಾಸಿಗಿ ಬಂತು, ಆಮ್ಯಾಲೆ ರೇಲ್ವೆ ನೌಕರಿ ಬಂತು. ವಾಸ್ಕೋಕ್ಕ ಹೋಗೂ ಗಾಡಿ ಅವತ್ತಿನಿಂದ ಇವತ್ತಿನತನಕ ಅವನ ಮುಂದನ ಹೋಗತೈತಿ, ಅಂವಾ ಹಸರು ಝಂಡಾ ತೋರಸ್ತಾನ. ಗೋವಾದ ಮೈದಾನದಾಗ ಮಾತ್ರ ಇನ್ನೂ ಕಾಲಿಟ್ಟಿಲ್ಲ.

ಎಬೋ ಕ್ವಾನ್ಸಾ ಅಲ್ಲಿ ನಾಕು ಸೀಜನ್ ಆಡಿದಂವಾ.

ಘಾನಾ ದೇಶದ ಸೆಕೊಂಡಿ ಅನ್ನೂ ಸಮುದ್ರದ ದಂಡಿ ಊರಿನಂವಾ ಎಬೋ. ಹತ್ತೊಂಬತ್ತರ ವಯಸ್ಸಿನಾಗ ಒಬ್ಬ ಏಜಂಟನ ಮಾತು ನಂಬಿ ಕೋಲ್ಕತ್ತಾಕ್ಕ ಬಂದಿಳದ. ಏಜಂಟ ನಾಪತ್ತೆ. ಒಂದ ಖೋಲ್ಯಾಗ ಏಳು ಮಂದಿ, ಒಂದ ಒಲಿ, ಮುಂಜಾನೆ ಯಾವ ಮೈದಾನದಾಗ ಯಾರ ಆಟಗಾರ ಕಡಿಮಿ ಬಿದ್ದಾರಂತ ಹುಡುಕ್ಯಾಡೂದು. ಹಂಗ ಆಡಕೋತ ಒಂದು ಸಣ್ಣ ಕ್ಲಬ್ಬು, ಅಲ್ಲಿಂದ ಗೋವಾ. ಗೋವಾದಾಗ ಹೆಸರು ಬಂತು, ಮತ್ತ ಮೊಳಕಾಲು ಹೋತು. ಅದನ್ನ ಒತ್ತಿ ಕಟ್ಟಿಕೊಂಡು ಕೇರಳದ ಗದ್ದ್ಯಾಗ ಬಿದಿರಿನ ಗ್ಯಾಲರಿ ಕಟ್ಟಿ ಆಡೂ ಏಳು ಮಂದಿ ಆಟದಾಗ ಮೂರು ಚಳಿಗಾಲ ಕಳದ. ಮೊಳಕಾಲಿಗೆ ಮಾಲೀಶು ವ್ಯಾಯಾಮ ಮಾಡಿಸಿದ ಫಿಸಿಯೋಥೆರಪಿಸ್ಟ್ ಖಾನಾಪುರದ ಹುಡಿಗಿ, ಪೂರ್ವಾ. ಕಾಲಂತೂ ಪೂರಾ ನೆಟ್ಟಗ ಆಗಲಿಲ್ಲ, ಮದಿವಿ ಆತು. ಪೂರ್ವಾನ ಅಪ್ಪ ಪಂಢರಿನಾಥ ಎರಡು ವರ್ಷ ಮಗಳ ಫೋನ್ ಎತ್ತಲಿಲ್ಲ. ಮೊಮ್ಮಗಾ ಹುಟ್ಟಿದ ಮ್ಯಾಲೆ ಎತ್ತಿದ. ಎಬೋ ಖಾನಾಪುರಕ್ಕ ಬಂದು, ಕೋಚಿಂಗ್ ಪರೀಕ್ಷಾ ಪಾಸ್ ಮಾಡಿ, ಲೈಸೆನ್ಸ್ ತಗೊಂಡ.

ಇಷ್ಟೆಲ್ಲಾ ಗುರುಸಿದ್ದಗ ಹೆಂಗ ಗೊತ್ತು ಅಂತೀರಿ? ಯಾರನ್ನೂ ಕೇಳಿಲ್ಲ. ಮೊಬೈಲಿನಾಗ ಹುಡುಕಿ ಹುಡುಕಿ ಓದ್ಯಾನ. ಪ್ರೀತಿ ಮಾಡೂ ಹುಡುಗನೂ ತನ್ನ ಹುಡಿಗಿ ಬಗ್ಗೆ ಇಷ್ಟು ಅಭ್ಯಾಸ ಮಾಡಿರೂದಿಲ್ಲ. ಎಬೋ ಯಾವ ವರ್ಷ ಎಷ್ಟು ಗೋಲ್ ಹೊಡದ ಅನ್ನೂದು ಎಬೋಗನ ಮರತಿರಬೇಕು, ಗುರುಸಿದ್ದಗ ಬಾಯಿಪಾಠ. ಎಲ್ಲಾದಕಿಂತ ಹೆಚ್ಚಿಗೆ ಅಂವಾ ನೋಡತಿದ್ದದ್ದು ಒಂದು ಸಣ್ಣ ವಿಡಿಯೋ. ಗೋವಾದಾಗ ಒಂದು ಸೆಮಿಫೈನಲ್, ಎಬೋ ಪೆನಲ್ಟಿ ಒದೀತಾನ, ಚೆಂಡು ಗೋಲ್‌ಪೋಸ್ಟಿನ ಮ್ಯಾಲಿಂದ ಹಾರಿ ತೆಂಗಿನ ಗಿಡದಾಗ ಹೋಗತೈತಿ. ಮನಸ್ಸು ಭಾಳ ಕೆಟ್ಟ ದಿವಸ ಗುರುಸಿದ್ದ ಅದನ್ನ ಹಚ್ಚಿಕೊಂಡು ಕುಂದರತಿದ್ದ. ನೋಡಿದ ಮ್ಯಾಲೆ ಎರಡು ರೊಟ್ಟಿ ಹೆಚ್ಚಿಗೆ ಇಳೀತಿದ್ವು.

ಲೈಸೆನ್ಸ್ ಅನ್ನೂದ ಇವನ ಕುತ್ತಿಗಿಗೆ ಬಂತು. ಜಿಲ್ಲಾ ಲೀಗಿನೊಳಗ ಲೈಸೆನ್ಸ್ ಇಲ್ಲದ ಕೋಚ್ ಗೆರಿ ಬಾಜೂ ನಿಂದರಾಕ ಬರೂದಿಲ್ಲಂತ ಹೊಸಾ ಕಾನೂನು ಬಂತು. ಪಂಢರಿನಾಥ ಟೀಮಿನ ಅಧ್ಯಕ್ಷ. ಗುರುಸಿದ್ದನ್ನ ಕರದು ಕುಂದರಿಸಿ, ಅವಲಕ್ಕಿ ತಿನ್ನಿಸಿ, ಮೆತ್ತಗ ಹೇಳಿದ.

"ಗುರುಸಿದ್ದಪ್ಪ, ಇನ್ನ ಮ್ಯಾಲೆ ಎಬೋ ಕೋಚ್. ನೀ ಸಹಾಯಕ. ಕೆಲಸ ಅದ, ಹೆಸರು ಅಷ್ಟ ಬ್ಯಾರೆ."

"ಹೌದ್ರಿ, ಅಳಿಯಾ ಇದ್ದಾರಲ್ರಿ" ಅಂದ ಗುರುಸಿದ್ದ.

ಪಂಢರಿನಾಥನ ಮಾರಿ ಸಣ್ಣದಾತು. ಗುರುಸಿದ್ದಗ ಸ್ವಲ್ಪ ಹಗರ ಆತು, ಆದ್ರ ಉಳದ ಅವಲಕ್ಕಿ ಹಂಗ ಬಿಟ್ಟು ಎದ್ದ.

ಖರೇ ಹೇಳಬೇಕಂದ್ರ ಎಬೋ ಕೆಟ್ಟ ಮನಷ್ಯಾ ಆಗಿದ್ರ ಗುರುಸಿದ್ದ ಅರ್ಧಾ ಆರಾಮ ಇರತಿದ್ದ. ಮನಷ್ಯಾ ಚಲೋ ಇದ್ದ. ಕನ್ನಡ ಕಲಿಯೂ ಮುಂದ ಯಾರೋ ಎಲ್ಲಾರಿಗೂ ರೀ ಹಚ್ಚಬೇಕಂತ ಹೇಳಿಕೊಟ್ಟಿರಬೇಕು, ಅಂವಾ ಹುಡಿಗ್ಯಾರಿಗೂ ರೀ, ನಾಯಿಗೂ ರೀ, ಚೆಂಡಿಗೂ ರೀ. "ಚೆಂಡು ಬಂದ್ರೀ, ನೋಡ್ರೀ" ಅಂತ ಒದರಿದ್ರ ಹುಡಿಗ್ಯಾರು ನಕ್ಕೋತ ಓಡತಿದ್ರು. ಮೊದಲನೇ ದಿವಸ ಗುರುಸಿದ್ದನ ಖಾಕಿ ಅಂಗಿ ನೋಡಿ ಅಂದ, "ನಮ್ಮ ಅಪ್ಪಾನೂ ರೇಲ್ವೇರೀ ಸರ. ಹಳಿ ಕೆಲಸ. ಸೆಕೊಂಡಿ ರೇಲ್ವೆ ಊರು." ಬ್ಯಾರೆ ಯಾರರ ಆಗಿದ್ರ ಅಲ್ಲೇ ದೋಸ್ತಿ ಆಗತಿತ್ತು. ಗುರುಸಿದ್ದಗ ಅನಿಸಿದ್ದ ಬ್ಯಾರೆ. ಗೋವಾ ಇವಂಗ, ಟೀಮ್ ಇವಂಗ, ಕಡೀಗೆ ಹಳಿ ಬಡಿಯೂ ಅಪ್ಪನೂ ಇವಂಗನ ಬೇಕೇನು? ತನ್ನಂತಾವ್ರಿಗೆ ಅಂತ ಏನರ ಒಂದು ಬಿಡಬಾರದ?

ಮನ್ಯಾಗ ಇನ್ನೂ ಕೆಟ್ಟ. ಉಣ್ಣಾಕ ಕುಂತ್ರ ಅನುರಾಧಾಂದು ಶುರು ಆಗತಿತ್ತು.

"ಅಪ್ಪಾ, ಎಬೋ ಸರ ಅಂತಾರ, ಕೀಪರ್ ಗೆರಿ ಬಿಟ್ಟು ಎರಡು ಹೆಜ್ಜಿ ಮುಂದ ಬರಬೇಕಂತ."

"ನಾ ಏನ ಹೇಳಿದ್ದೆ?"

"ನೀ ನೆಟ್ಟಗ ನಿಂದ್ರ ಅಂದಿದ್ದಿ."

"ನೆಟ್ಟಗ ನಿಂದರೂದರಾಗ ಎಲ್ಲಾ ಬಂತು."

ಭರಮವ್ವ ಪುಂಡಿಪಲ್ಯ ಬಡಿಸಿಕೋತ ಗಂಡನ ಕಡೆ ನೋಡಿದ್ಲು. "ಆ ಮನಷ್ಯಾನ ಹೆಸರು ಬಂದ್ರ ನಿಮ್ಮ ಮಾರಿ ನೋಡಬೇಕು. ಉಪ್ಪಿನಕಾಯಿ ಡಬ್ಬಿ ಬಾಯಿ ತಗದಂಗ ಆಗತೈತಿ." ಅನುರಾಧಾ ನಕ್ಕಳು. ಗುರುಸಿದ್ದ ತಾಟು ಬಾಜೂ ಸರಸಿ ಎದ್ದ. ಬಾಗಲಾ ಹಿಂದ ನಿಂತು ಪೆನಲ್ಟಿ ವಿಡಿಯೋ ಹಚ್ಚಿಕೊಂಡ.

ಇಷ್ಟಾದ್ರೂ ಅಂವಾ ಮೈದಾನ ಬಿಟ್ಟಿದ್ದಿಲ್ಲ. ಸಹಾಯಕ ಅಂದ್ರ ಸಹಾಯಕ. ಕೋನ್ ಇಡೂದು, ಚೆಂಡಿಗೆ ಗಾಳಿ ಹಾಕೂದು, ಕಾಲು ಉಳುಕಿದಾಕಿಗೆ ಬರ್ಫ ಹಿಡಿಯೂದು. ಹಲ್ಲು ಕಡಕೊಂಡು ಮಾಡಿದ. ಯಾಕಂದ್ರ ಇನ್ನೂ ಒಂದು ಅವನ ಕೈಯಾಗ ಉಳದಿತ್ತು. ಭಂಡಾರ. ಗೆರಿ ಬಾಜೂ ಯಾರರ ನಿಂದರವಲ್ಲರ್ಯಾಕ, ಹಣಿಗೆ ಹಚ್ಚೂ ಕೈ ತಂದು. ಅನುರಾಧಾ ಎಬೋ ಸರ ಅಂತ ಎಷ್ಟರ ಒದರಲಿ, ಆಟಕ್ಕ ಇಳಿಯೂ ಮುಂದ ಕಣ್ಣು ಮುಚ್ಚಿ ಹಣಿ ಹಿಡಿಯೂದು ಅಪ್ಪನ ಮುಂದ. ಅದೊಂದು ಇರೂತನಕ ತಾನು ಇದ್ದೀನಿ ಅಂತ ಅವನ ಲೆಕ್ಕಾ.

ಸೆಮಿಫೈನಲ್ ದಿವಸ ಆ ಲೆಕ್ಕಾನೂ ತಪ್ಪಿತು.

ಆಟ ಖಾನಾಪುರದಾಗನ ಇತ್ತು. ಮುಂಜಾನೆ ದೇಸೂರದ ಹತ್ತರ ಹಳಿ ಜೋಡಣಿ ಸಡ್ಲ ಆಗಿ, ಇಡೀ ಗ್ಯಾಂಗಿಗೆ ಅಲ್ಲೇ ಕೆಲಸ ಬಿತ್ತು. ಗುರುಸಿದ್ದ ಬೆವರು ಒರಸಿಕೊಳ್ಳದ ಕಿಸೇದಾಗ ಚೀಲಾ ಇಟಗೊಂಡು ಓಡಿದ. ಸ್ಟೇಶನ್ನಿನಿಂದ ಮೈದಾನದತನಕ ಸೈತ ಓಡಿದ. ಗೇಟಿನಾಗ ಬಂದು ನಿಂತು ನೋಡತಾನ, ಹುಡಿಗ್ಯಾರೆಲ್ಲಾ ಸಾಲಾಗಿ ನಿಂತಾರ, ಎಬೋ ಕೈಯಾಗ ಒಂದು ಸ್ಟೀಲಿನ ವಾಟಗಾ ಹಿಡದಾನ, ಒಬ್ಬೊಬ್ಬಾಕಿ ಹಣಿಗೆ ಹೆಬ್ಬೆಟ್ಟಿಲೆ ಹಳದಿ ಹಚ್ಚಾಕತ್ತಾನ. ಪಂಢರಿನಾಥನ ಅಡಗಿ ಮನ್ಯಾಗಿನ ಅರಿಷಿಣ. ಪಲ್ಯಕ್ಕ ಹಾಕೂದು. ಕಡೀಗೆ ಅನುರಾಧಾನ ಪಾಳಿ ಬಂತು. ಆಕಿ ಕಣ್ಣು ಮುಚ್ಚಿ ಹಣಿ ಹಿಡದಳು.

"ನೆಟ್ಟಗ ನಿಂದರ್ರೀ" ಅಂದ ಎಬೋ.

ಗುರುಸಿದ್ದನ ಹರೇ ಹೋಗಿತ್ತು, ಗೋವಾ ಹೋಗಿತ್ತು, ಕೋಚ್ ಅನ್ನೂ ಹೆಸರು ಹೋಗಿತ್ತು. ಅವ್ಯಾವೂ ಹೋಗೂ ಮುಂದ ಅಂವಾ ಕಣ್ಣಾರೆ ನೋಡಿದ್ದಿಲ್ಲ. ಇದು ಅವನ ಮುಂದನ ಹೋತು. ಅಂವಾ ಸೀದಾ ಮೈದಾನದ ನಡುವ ಬಂದು, ಚೀಲದಾಗ ಕೈ ಹಾಕಿ ಮುಷ್ಟಿತುಂಬ ಭಂಡಾರ ತಗದ.

"ಎಲ್ಲಾರೂ ಕೇಳ್ರಿ. ಈ ಮನಷ್ಯಾ ಒಳಗ ಗೆರಿ ಬಾಜೂ ನಿಂತಿರೂತನಕ, ಈ ಟೀಮ್ ಆಡೂ ಯಾವ ಮೈದಾನದಾಗೂ ನಾ ಕಾಲಿಡೂದಿಲ್ಲ. ಬೀರಪ್ಪನ ಆಣಿ."

ಭಂಡಾರ ತನ್ನ ಹಣಿಗೆ ತಾನ ಬಡಕೊಂಡು ಹೊರಬಿದ್ದ. ಹಿಂದ ಅನುರಾಧಾ "ಅಪ್ಪಾ, ನೀ ಬರಲಿಲ್ಲಂತ ನಾವ ಹಚ್ಚಾಕ ಹೇಳಿದ್ವಿ" ಅನ್ನಾಕತ್ತಿದ್ದು ಕೇಳಿಸಿತು. ಕೇಳಿಸಿಧಂಗ ಮಾಡಲಿಲ್ಲ.

ಮನ್ಯಾಗ ಭರಮವ್ವ ತೆಲಿ ಮ್ಯಾಲೆ ಕೈ ಇಟಗೊಂಡು ಕುಂತಳು. "ಜಗಳಾ ಮಾಡಿದ್ರ ಮಾಡವಲ್ರ್ಯಾಕ, ನಾಳೆ ಹೋಗಿ ಕೂಡಬಹುದಿತ್ತು. ಭಂಡಾರ ಯಾಕ ಮುಟ್ಟಿದ್ರಿ? ಇನ್ನ ಮಗಳ ಆಟ ನೋಡಾಕ ಹೆಂಗ ಹೋಗತೀರಿ?"

"ಹೋಗೂದಿಲ್ಲ."

"ಇದ್ದದ್ದು ಒಬ್ಬಾಕಿ ಮಗಳು" ಅಂದಳು ಭರಮವ್ವ.

ಮರುದಿವಸ ಎಬೋ ದೇಸೂರಿಗೆ ಬಂದ. ಪೂರ್ವಾ ಜೋಡಿ ಬಂದಿದ್ಲು, ಮಾತು ತಪ್ಪಿದ್ರ ಹಿಡಿಯಾಕ. ಕಟ್ಟಿ ಮ್ಯಾಲೆ ಕುಂತು, ತನಗ ಗೊತ್ತಿದ್ದಿಲ್ಲ, ಇನ್ನ ಮ್ಯಾಲೆ ಎಂದೂ ಹಚ್ಚೂದಿಲ್ಲ, ಆಣಿ ವಾಪಸ್ ತಗೋರಿ ಅಂದ. ಗುರುಸಿದ್ದ ಅವಂಗ ಚಹಾ ಕೊಡಿಸಿದ, ಚಹಾಕ್ಕ ಕಮ್ಮಿ ಮಾಡಲಿಲ್ಲ. "ತಗೊಳ್ಳಾಕ ಬರೂದಿಲ್ಲ" ಅಂದ, "ಬಂದ್ರೂ ನಾ ತಗೊಳ್ಳೂದಿಲ್ಲ." ಎಬೋ ಸೆಮಿಫೈನಲ್ ಗೆದ್ದದ್ದನ್ನ ಹೇಳಾಕ ಬಾಯಿ ತಗದ, ಆಮ್ಯಾಲೆ ಅದನ್ನ ಬಿಟ್ಟು ಚಹಾ ಮುಗಿಸಿ ಎದ್ದ.

ಫೈನಲ್ ಬೆಳಗಾವ್ಯಾಗ, ಖಾಸಬಾಗದ ಹತ್ತರದ ಮೈದಾನದಾಗ. ಗೆದ್ದ ಟೀಮಿಗೆ ಗೋವಾದ ಟೂರ್ನಮೆಂಟಿಗೆ ಕರೆ ಇತ್ತು. ಯಾವ ಊರಾಗ ಅಂದ್ರ ವಾಸ್ಕೋದಾಗ. ಎಬೋ ಪೆನಲ್ಟಿ ತೆಂಗಿನ ಗಿಡಕ್ಕ ಒದ್ದ ಅದ ಮೈದಾನದಾಗ. ಎಬೋ ತಿಂಗಳಿಂದ ಅದನ್ನ ಹೇಳಕೋತ ತಿರಗತಿದ್ದ ಅಂತ ಅನುರಾಧಾ ತಾಯಿ ಮುಂದ ಹೇಳೂದು ಗುರುಸಿದ್ದನ ಕಿಂವಿಗೆ ಬಿದ್ದಿತ್ತು. ಅಲ್ಲಿ ಒಮ್ಮೆ ತೆಲಿ ಎತ್ತಿ ನಡೀಬೇಕಂತ ಅವಂಗ. ಗುರುಸಿದ್ದಗೂ ಅಲ್ಲಿ ಒಮ್ಮೆ ನಡೀಬೇಕಾಗಿತ್ತು, ತೆಲಿ ಹೆಂಗರ ಇರಲಿ.

ಮೈದಾನದಾಗ ಕಾಲಿಡೂದಿಲ್ಲಂದಿದ್ದ, ಬೆಳಗಾವಿಗೆ ಹೋಗೂದಿಲ್ಲಂತ ಅಂದಿದ್ದಿಲ್ಲ. ಫೈನಲ್ ದಿವಸ ಗುರುಸಿದ್ದ ಕಂಪೌಂಡ್ ಗ್ವಾಡಿ ಹೊರಗ, ಶೇಂಗಾ ಮಾರೂ ಕಾಡವ್ವನ ಗಾಡಿ ಬಾಜೂ ಒಂದು ಕಲ್ಲಿನ ಮ್ಯಾಲೆ ಹತ್ತಿ ನಿಂತ. ಗ್ವಾಡಿ ಮ್ಯಾಲೆ ಅವನ ಮಾರಿ, ತೆಲಿಗೆ ಸುತ್ತಿದ ಬಿಳೇ ರುಮಾಲು. ಒಳಗಿಂದ ನೋಡಿದ್ರ ಗ್ವಾಡಿ ಮ್ಯಾಲೆ ಯಾರೋ ರುಮಾಲು ಒಣಾಕ ಹಾಕಿಧಂಗ ಕಾಣತಿತ್ತು.

ಹುಡಿಗ್ಯಾರ ಹಣಿ ಬೋಳು ಇದ್ವು. ಯಾರೂ ಹಚ್ಚಿದ್ದಿಲ್ಲ. ನೋಡಿ ಅವಂಗ ಖುಷಿ ಆಗಬೇಕಾಗಿತ್ತು, ಆಗಲಿಲ್ಲ.

ಆಟ ಕಡಕ್ ನಡದಿತ್ತು. ಒಂದು ಗೋಲ್ ಖಾನಾಪುರ, ಒಂದು ಗೋಲ್ ಬೆಳಗಾವಿ. ಎಬೋ ಗೆರಿ ಬಾಜೂ ಕುಂಟು ಕಾಲಿಲೆ ಹಿಂದ ಮುಂದ ಓಡ್ಯಾಡಿ ಒದರತಿದ್ದ. ಗ್ವಾಡಿ ಬಾಜೂ ನಿಂತಿದ್ದ ಒಬ್ಬ ಹುಡುಗ, ಬೆಳಗಾವಿ ಟೀಮಿನ ಕಡ್ಯಾಂವಾ, ಎಬೋ ಮೈಬಣ್ಣದ ಮ್ಯಾಲೆ ಒಂದು ಹೊಲಸು ಮಾತು ಒದರಿ ನಕ್ಕ. ಗುರುಸಿದ್ದ ಕಲ್ಲಿನಿಂದ ಇಳದು ಅವನ ಕಾಲರ್ ಹಿಡದ.

"ಏನಂದಿ? ಇನ್ನೊಮ್ಮೆ ಅನ್ನ."

"ನಿನಗ್ಯಾಕ ಕಾಕಾ? ಅಂವಾ ನಿನ್ನ ಪಾವ್ಹಣೇನು?"

"ನನ್ನ ಹಗಿ ಅಂವಾ. ಅವನ್ನ ಕಂಡ್ರ ಉರಿಯೂದು ನನ್ನ ಹೊಟ್ಟಿ. ಅದಕ್ಕ ನಾ ವರ್ಷಗಟ್ಟಲೆ ಮೈಮುರದ ದುಡದೀನಿ. ನೀ ಇವತ್ತ ಬಂದು ಬಾಯಿಗೆ ಬಂದಿದ್ದನ್ನ ಅನ್ನಾಕ ನಿನಗೇನ ಹಕ್ಕ ಐತಿ?"

ಹುಡುಗಗ ಈ ಮಾತು ತಿಳೀಲಿಲ್ಲ, ಹಿಡತ ಮಾತ್ರ ತಿಳೀತು. ಹಳಿ ಕಟ್ಟೂ ಕೈ ಅದು. ಬಿಡಿಸಿಕೊಂಡು ದೂರ ಹೋಗಿ ನಿಂತ. ಗುರುಸಿದ್ದ ತಿರಗಿ ಕಲ್ಲು ಹತ್ತೂದರಾಗ ವ್ಯಾಳೆ ಮುಗದು ರೆಫರಿ ಸೀಟಿ ಊದಿದ್ದ. ಒಂದಕ್ಕ ಒಂದು. ಇನ್ನ ಪೆನಲ್ಟಿ. ಇಡೀ ಆಟ ಅನುರಾಧಾನ ಕೈಯಾಗ ಬಂತು.

ಅನುರಾಧಾ ಗೋಲಿನ ಕಡೆ ನಡಕೋತ ಹೊಂಟಳು. ಅರ್ಧಾ ದಾರ್ಯಾಗ ನಿಂತು ಗ್ವಾಡಿ ಕಡೆ ನೋಡಿದ್ಲು. ಎಬೋ ಏನೋ ಒದರಿದ. ಆಕಿ ಗ್ವಾಡಿ ಕಡೆನ ನೋಡಿದ್ಲು. ಎಬೋ ಮತ್ತೊಮ್ಮೆ ಒದರಿದ, ಈ ಸಲ ಯಾವ ರೀನೂ ಇದ್ದಿದ್ದಿಲ್ಲ. ಆಮ್ಯಾಲೆ ಎಲ್ಲಾರೂ ನೋಡನೋಡತಿದ್ಧಂಗ ಎಬೋ ಕ್ವಾನ್ಸಾ ನೀರಿನ ಬಾಟ್ಲಿಗಳ ಕ್ರೇಟನ್ನ ಹರೇದಾಗಿನ ಕಾಲಿಲೆ ಒದ್ದಂಗ ಒದ್ದ. ಬಾಟ್ಲಿ ಹಾರಿ ರೆಫರಿ ಕಾಲಿನತನಕ ಉಳ್ಳಿದ್ವು. ರೆಫರಿ ಬಂದ, ಎಬೋ ಅವನ ಮಾರಿಗೂ ಏನೋ ಅಂದ. ಕೆಂಪು ಕಾರ್ಡ್ ಮ್ಯಾಲೆದ್ದಿತು. ಕೋಚ್ ಮೈದಾನ ಬಿಟ್ಟು ಹೊರಗ ಹೋಗಬೇಕು.

ಎಬೋ ಗೇಟ್ ದಾಟಿ ಹೊರಗ ಬಂದ. ಗ್ವಾಡಿ ಹಿಡದು ಕುಂಟಕೋತ ಬಂದು ಕಾಡವ್ವನ ಗಾಡಿ ಮುಂದ ನಿಂತ. ಮಾರಿ ಗಂಟು ಹಾಕ್ಕೊಂಡಿದ್ದ.

"ನಾ ಹೊರಗರೀ ಸರ" ಅಂದ. "ಹೋಗ್ರಿ."

ಗುರುಸಿದ್ದಗ ಒಂದು ಗಳಿಗಿ ತಿಳೀಲಿಲ್ಲ. ಆಮ್ಯಾಲೆ ತಿಳೀತು. ಆಣಿ ಇದ್ದದ್ದು ಈ ಮನಷ್ಯಾ ಒಳಗ ನಿಂತಿರೂತನಕ. ಈಗ ಅಂವಾ ಒಳಗಿಲ್ಲ. ಗುರುಸಿದ್ದ ಕಲ್ಲಿನಿಂದ ಜಿಗದು, ಗೇಟಿನಾಗ ಓಡಿ, ಬೆಂಚಿನ ಹತ್ತರ ಬಂದ. ಸಹಾಯಕ ಅಂತ ಅವನ ಹೆಸರು ಇನ್ನೂ ಇತ್ತು, ಯಾರೂ ಅಡ್ಡ ಬರಲಿಲ್ಲ. ಅನುರಾಧಾ ಓಡಿ ಬಂದು ಕಣ್ಣು ಮುಚ್ಚಿ ಹಣಿ ಹಿಡದಳು. ಕಿಸೇದಾಗ ಚೀಲಾ ಇತ್ತು. ಯಾಕ ತಂದಿದ್ದ ಅಂತ ಅವನ್ನ ಕೇಳಬ್ಯಾಡ್ರಿ. ಹೆಬ್ಬೆಟ್ಟಿಲೆ ಹಚ್ಚಿದ.

"ನೆಟ್ಟಗ ನಿಂದ್ರ" ಅಂದ. ಆಮ್ಯಾಲೆ "ಅಂವಾ ಹೇಳಿದ್ದೂ ನೆನಪ ಇಟಗೋ" ಅಂದ. ಈ ಮಾತು ಆಡಾಕ ಅವಂಗ ಎಷ್ಟು ತ್ರಾಸ ಆತು ಅನ್ನೂದು ಅವಂಗ ಗೊತ್ತು, ಬೀರಪ್ಪಗ ಗೊತ್ತು.

ಅನುರಾಧಾ ಎರಡು ಪೆನಲ್ಟಿ ಹಿಡದಳು. ಎರಡನೇದು ಎಡಕ್ಕ ಬಿದ್ದು ಬೆರಳತುದೀಲೆ ಹೊರಗ ತಳ್ಳಿದ್ದು. ಖಾನಾಪುರ ಗೆದ್ದಿತು.

ಈಗ ನೋಡ್ರಿ. ಮಗಳು ಅಪ್ಪನ ಕಡೆ ಓಡಿ ಬರಬೇಕೋ ಬ್ಯಾಡೋ? ಗುರುಸಿದ್ದ ಎರಡೂ ಕೈ ಅಗಲಿಸಿಕೊಂಡು ನಿಂತಿದ್ದ. ಹುಡಿಗ್ಯಾರೆಲ್ಲಾ ಓಡಿ ಬಂದ್ರು, ಅನುರಾಧಾ ಎಲ್ಲಾರಕಿಂತ ಮುಂದ, ಅವನ ಕೈ ಬಾಜೂಲೆ ಹಾದು ಗೇಟಿನ ಹೊರಗ ಹ್ವಾದ್ರು. ರಸ್ತೇದ ಮ್ಯಾಲೆ, ಶೇಂಗಾ ಗಾಡಿ ಮುಂದ, ಎಬೋನ್ನ ಹೆಗಲ ಮ್ಯಾಲೆ ಎತ್ತಿದ್ರು. ಗುರುಸಿದ್ದ ಖಾಲಿ ಮೈದಾನದಾಗ ಕೈ ಇಳಿಸಿ, ಉರುಳಿ ಬಿದ್ದ ಬಾಟ್ಲಿ ಆರಸಾಕ ಹತ್ತಿದ.

ಮುಂದಿನ ದಿವಸ ಭಾಳ ಕೆಟ್ಟ ಬಂದ್ವು. ಕೆಂಪು ಕಾರ್ಡ್ ಬಿದ್ದ ಕೋಚ್ ಮುಂದಿನ ಟೂರ್ನಮೆಂಟಿಗೆ ಬರೂಹಂಗಿಲ್ಲ. ವಾಸ್ಕೋಕ್ಕ ಗುರುಸಿದ್ದನ ಹೋಗಬೇಕು, ಅಲ್ಲಿಯವರು ಸಹಾಯಕನ್ನ ಒಪ್ಪಿಕೊಂಡ್ರು. ಹರೇದಾಗಿಂದ ಬೇಡಿದ್ದು ಕೈಯಾಗ ಬಂದು ಬಿತ್ತು. ಆದ್ರ ಯಾರ ಬಾಯಾಗ ನೋಡಿದ್ರೂ ಎಬೋಂದ ಮಾತು. ಖಾನಾಪುರದ ಬಾಜಾರದಾಗ ಎಂಥಾ ತ್ಯಾಗಾ ಮಾಡಿದ್ನೋ ಅಂತಿದ್ರು. ಗುರುಸಿದ್ದನ ಆಣಿ ಮುರೀಬಾರದಂತ ತನ್ನ ಗೋವಾನ ಬಿಟ್ಟುಕೊಟ್ಟ. ಪಂಢರಿನಾಥ ಕಣ್ಣಾಗ ನೀರು ತಂದ. ಭರಮವ್ವ ಸೈತ, "ದೊಡ್ಡ ಮನಸಿನ ಮನಷ್ಯಾ ನೋಡ್ರಿ" ಅಂತ ಅವನ ಮನಿಗೆ ಒಂದು ಡಬ್ಬಿ ಶೇಂಗಾ ಹೋಳಿಗಿ ಕಳಿಸಿದ್ಲು. ಗಂಡಗ ಮುರದ ಚೂರು ಬಂದ್ವು.

ಗುರುಸಿದ್ದನ ಹೊಟ್ಟ್ಯಾಗ ಹಿಂದೆಂದೂ ಹಿಂತಾ ಉರಿ ಎದ್ದಿದ್ದಿಲ್ಲ. ಆಟದಾಗ ಅಂವಾ ಮುಂದ, ಸರಿ. ಹೆಸರಿನಾಗ ಮುಂದ, ಸರಿ. ಈಗ ಒಳ್ಳೇತನದಾಗೂ ಮುಂದ ಹೋದ್ರ ಇನ್ನ ಉಳದಿದ್ದೇನು? ತಾನು ಬೇಡಿ ಪಡದ ಗೋವಾ ಅಲ್ಲ, ಅಂವಾ ದಾನಾ ಮಾಡಿದ ಗೋವಾ. ಆ ಪೆನಲ್ಟಿ ವಿಡಿಯೋ ಹಚ್ಚಿದ್ರೂ ಸಮಾಧಾನ ಆಗಲಿಲ್ಲ. ತೆಂಗಿನ ಗಿಡದಾಗ ಹೋದ ಚೆಂಡೂ ದೊಡ್ಡ ಮನಸಿಲೆ ಹೋಧಂಗ ಕಂಡಿತು.

ಹೊರಡೂ ದಿವಸ ಖಾನಾಪುರ ಸ್ಟೇಶನ್ನಿಗೆ ಎಬೋ ಕಳಸಾಕ ಬಂದ. ಹುಡಿಗ್ಯಾರು ಸುತ್ತಗಟ್ಟಿ ಫೋಟೋ ಹೊಡಕೊಂಡ್ರು. ಗಾಡಿ ತಡಾ ಇತ್ತು. ಅವರು ವಡಾಪಾವ್ ತರಾಕ ಹ್ವಾದಾಗ ಬೆಂಚಿನ ಮ್ಯಾಲೆ ಇಬ್ಬರ ಉಳದ್ರು. ಗುರುಸಿದ್ದ ಹಳಿ ನೋಡಿಕೋತ ಕುಂತಿದ್ದ.

"ಸರ, ನನ್ನ ಪೆನಲ್ಟಿ ವಿಡಿಯೋ ದಿನಾ ನೋಡತೀರಂತಲ್ರೀ" ಅಂದ ಎಬೋ. "ಅನುರಾಧಾ ಹೇಳಿದ್ಲು."

"ಹೌದು" ಅಂದ ಗುರುಸಿದ್ದ. ಬಾಯಿ ತಗದ ಮ್ಯಾಲೆ ಉಳದದ್ದೂ ಬಂತು. "ಮತ್ತ ಕೇಳ್ರಿ. ನೀವು ನನ್ನ ಸಲುವಾಗಿ ಕಾರ್ಡ್ ತಗೊಂಡ್ರಿ. ಊರ ಮಂದಿ ಹೊಗಳತಾರ, ನಾನೂ ಹೊಗಳಬೇಕು. ನನಗ ಆಗವಲ್ಲದು. ಹೊಟ್ಟಿ ಉರಿತೈತಿ ನನಗ."

ಎಬೋ ಅವನ ಕಡೆ ತಿರಗಿದ. "ಯಾರ ಹೇಳಿದ್ರಿ ನಿಮ್ಮ ಸಲುವಾಗಿ ಅಂತ?"

"ಎಲ್ಲಾರೂ."

"ನಾ ಹೇಳಿಲ್ಲರೀ. ಕೇಳಿದ್ರ ಸುಮ್ಮನಿದ್ದೆ, ಚಲೋ ಮಾತು ಅಂದ್ರ ಯಾರ ಬ್ಯಾಡ ಅಂತಾರ್ರಿ. ಖರೇ ಏನು ಗೊತ್ತೇನ್ರಿ? ಸಿಟ್ಟು ಬಂತು." ಅಂವಾ ಮೊಳಕಾಲು ತಿಕ್ಕಿಕೊಂಡ. "ನಾ ಕೋಲ್ಕತ್ತಾದಾಗ ಆಡೀನಿ, ಗೋವಾದಾಗ ಆಡೀನಿ. ಲೈಸೆನ್ಸ್ ನಂದು. ಇಡೀ ಮ್ಯಾಚ್ ಒದರೀನಿ. ಗೋಲ್ ಹೊಡದ್ರ ಹುಡಿಗ್ಯಾರು ಯಾರ ಕಡೆ ನೋಡತಾರ? ಗ್ವಾಡಿ ಕಡೆ. ಗೋಲ್ ಬಿಟ್ಟುಕೊಟ್ರೂ ಗ್ವಾಡಿ ಕಡೆ. ನಿಮ್ಮ ಬಿಳೇ ರುಮಾಲು. ಕಡೀಗೆ ಪೆನಲ್ಟಿ ಮುಂದ ಆಕಿ, ನಿಮ್ಮ ಮಗಳು, ನಾ ಎರಡು ಸಲ ಕರದೆ. ತಿರಗಿ ಸೈತ ನೋಡಲಿಲ್ಲ. ಅದಕ್ಕ ಒದ್ದೆ. ಹೊರಗ ಬಂದ್ರ ನೀವ ಅಲ್ಲೇ ನಿಂತೀರಿ. ಹೋಗ್ರಿ ಅಂದೆ. ಮತ್ತೇನ ಅನಬೇಕಿತ್ತು?"

ಗುರುಸಿದ್ದ ಅಂವಾ ಹೇಳಿದ್ದನ್ನ ಒಂದೊಂದ ಮಾತು ಬಿಡಿಸಿ ಒಳಗ ಇಟಗೊಂಡ.

"ಗೆದ್ದ ಮ್ಯಾಲೆ ನಿಮ್ಮನ್ನ ಎತ್ತಿಕೊಂಡ್ರಲ್ರಿ" ಅಂದ ಮೆಲ್ಲಕ.

"ಗೆದ್ದ ಮ್ಯಾಲೆ ಯಾರನ್ನರ ಎತ್ತತಾರ್ರಿ. ಅಂಜಿಕಿ ಬಂದಾಗ ಯಾರನ್ನ ನೋಡತಾರ, ಅದು." ಎಬೋ ಬಾಯಿ ಸೊಟ್ಟ ಮಾಡಿದ. "ಮತ್ತ ಈಗ ನೀವ ವಾಸ್ಕೋಕ್ಕ ಹೊಂಟೀರಿ, ನಾ ಇಲ್ಲಿ. ನನಗೂ ಉರಿತೈತ್ರೀ ಸರ. ಭಾಳ ಉರಿತೈತಿ."

ಗಾಡಿ ಬಂತು. ಹುಡಿಗ್ಯಾರು ಓಡಿ ಹತ್ತಿದ್ರು, ಎಬೋ ಚೆಂಡಿನ ಚೀಲಾ ಎತ್ತಿ ಒಳಗ ಕೊಟ್ಟ. ಗಾಡಿ ಅಳ್ಳಾಡಿ ಬಿಟ್ಟಾಗ ಎಲ್ಲಾರೂ ಕಿಡಕ್ಯಾಗಿಂದ "ಎಬೋ ಸರ, ಎಬೋ ಸರ" ಅಂತ ಕೈ ಬೀಸಿದ್ರು, ಅನುರಾಧಾ ಎಲ್ಲಾರಕಿಂತ ಜೋರಾಗಿ. ಗುರುಸಿದ್ದಗ ಏನೂ ಅನಿಸಲಿಲ್ಲ. ಅಂವಾ ಬಾಗಲದಾಗ ನಿಂತು, ರುಮಾಲು ಸರಿ ಮಾಡಿಕೊಂಡು, ತೆಲಿ ಹೊರಗ ಹಾಕಿ, ಪ್ಲಾಟ್‌ಫಾರ್ಮಿನ ಮ್ಯಾಲೆ ಸಣ್ಣದಾಗಿಕೋತ ಹೊಂಟಿದ್ದ ಆ ಮನಷ್ಯಾನ ಮಾರೀನ ಕಣ್ಣು ಕಿರಿದು ಮಾಡಿ ನೋಡಿದ. ಖರೇನ ಉರಿಯಾಕತ್ತೈತೋ, ಇಲ್ಲಾ ಇದೂ ಒಂದು ದೊಡ್ಡ ಮನಸಿನ ಮಾತೋ ಅಂತ. ಖರೇನ ಉರಿಯಾಕತ್ತಿತ್ತು. ಹಂತಾ ಮಾರಿ ಅವಂಗ ಚಲೋ ಗೊತ್ತಿತ್ತು, ದಿನಾ ಕನ್ನಡ್ಯಾಗ ನೋಡಿದ್ದ.

ಹುಟ್ಟಿದಾಗಿಂದ ಗುರುಸಿದ್ದನ ಮ್ಯಾಲೆ ಯಾರೂ ಹೊಟ್ಟಿಕಿಚ್ಚು ಪಟ್ಟಿದ್ದಿಲ್ಲ. ಪಡಾಕ ಏನಿತ್ತು? "ಯಾಕಪ್ಪಾ ಒಬ್ಬನ ನಗಾಕತ್ತಿ?" ಅಂತ ಅನುರಾಧಾ ವಡಾಪಾವ್ ಕೈಯಾಗ ಕೊಟ್ಟಳು. ಏನಿಲ್ಲ ಅಂತ ಗೋಣು ಅಳ್ಳಾಡಿಸಿದ. ಲೋಂಡಾ ಸ್ಟೇಶನ್ ದಾಟೂತನಕ ಅಂವಾ ಯಾರ ಜೋಡಿನೂ ಮಾತಾಡಲಿಲ್ಲ, ಅಷ್ಟು ಸುಖಾ ಆಗಿತ್ತು.